ಎಲೆಕ್ಷನ್‌ಗೆ ನಿಂತ ಹುಚ್ಚ: ನಗಬೇಕೋ, ಬೇಡವೋ?

ರಾಯಚೂರು ಜಿಲ್ಲೆಯ ಅರಕೇರಾ ಸುತ್ತಿನ ಹಳ್ಳಿಗಳಲ್ಲಿ ಜಾತ್ರೆಯ ರಾತ್ರಿ ಆಡುವ ಸಾಮಾಜಿಕ ನಾಟಕಗಳನ್ನು ನೋಡಿದವರಿಗೆ ಈ ಹಾಸ್ಯದ ತುಣುಕು ಪರಿಚಯವಿರುತ್ತದೆ. ಹೆಸರು ಬದಲಾಗುತ್ತದೆ, ಸಂಗತಿ ಅದೇ. ಊರಿನ ಒಬ್ಬನಿಗೆ ಎಲೆಕ್ಷನ್‌ಗೆ ನಿಲ್ಲುವ ಆಸೆ ಹುಟ್ಟಿದೆ. ಕೊರಳಿಗೆ ತಾನೇ ಹಾರ ಹಾಕಿಕೊಂಡು, ಎತ್ತಿನ ಗಂಟೆ ಬಾರಿಸುತ್ತ ರಂಗಕ್ಕೆ ಬರುತ್ತಾನೆ. ಮೈಕ್ ಇಲ್ಲದ್ದಕ್ಕೆ ಹಿತ್ತಾಳೆ ತಂಬಿಗೆಯನ್ನು ಬಾಯಿಗೆ ಹಿಡಿದು ಭಾಷಣ ಶುರು ಮಾಡುತ್ತಾನೆ: "ನನಗ ವೋಟ್ ಹಾಕ್ರಿ, ಕೃಷ್ಣಾ ನದೀನ ತಂದು ಅಗಸಿ ಮುಂದ ನಿಂದರಸ್ತೀನಿ. ಮುಂಜಾನಿ ಎದ್ದು ಬಾಗಲಾಗ ಕೂತು ಮೀನ ಹಿಡೀರಿ." ಪಕ್ಕದಲ್ಲಿದ್ದ ಮಾವ ತಲೆ ಚಚ್ಚಿಕೊಳ್ಳುತ್ತಾನೆ: "ಇವನ್ನ ಧಾರವಾಡಕ್ಕ ಒಯ್ಯೂದು ಚಲೋ." ಹೆಂಡತಿ ಬಿಡುವವಳಲ್ಲ: "ಧಾರವಾಡ ಬ್ಯಾಡ ಯಪ್ಪಾ, ಬೆಂಗಳೂರಿಗೆ ಕಳಸ್ರಿ. ಅಲ್ಲಿ ಇಂಥಾವ್ರು ಬಾಳ ಮಂದಿ ಅದಾರ." ಇಡೀ ಬಯಲು ಸಿಳ್ಳೆ ಹೊಡೆಯುತ್ತದೆ. ಹಾರ್ಮೋನಿಯಂ ಮಾಸ್ತರರೂ ನಗುತ್ತ ಒಂದು ಸ್ವರ ತಪ್ಪುತ್ತಾರೆ.

ಧಾರವಾಡ ಎಂದರೆ ಅಲ್ಲಿನ ಮನೋರೋಗಿಗಳ ಆಸ್ಪತ್ರೆ. ಬ್ರಿಟಿಷರ ಕಾಲದ ಆ ಸಂಸ್ಥೆಗೆ ಈಗ ಡಿಮ್ಹಾನ್ಸ್ ಎಂದು ಹೆಸರು. ಉತ್ತರ ಕರ್ನಾಟಕದ ಯಾವ ಹಳ್ಳಿಯಲ್ಲಿ ಈ ಮಾತು ಆಡಿದರೂ ಬಿಡಿಸಿ ಹೇಳಬೇಕಿಲ್ಲ.

ಚುನಾವಣೆಯಲ್ಲಿ ಯಾರ ತಲೆ ನೆಟ್ಟಗಿದೆ, ಯಾರದ್ದು ಇಲ್ಲ ಎಂಬುದನ್ನೇ ಹಾಸ್ಯದ ವಸ್ತು ಮಾಡುವುದು ನಮ್ಮೂರಿನದಷ್ಟೇ ಪದ್ಧತಿಯಲ್ಲ. ಮುಖ್ಯ ಚಿತ್ರಕ್ಕೆ ಮೊದಲು ಹದಿನೈದು ಇಪ್ಪತ್ತು ನಿಮಿಷದ ನಗೆಚಿತ್ರ ತೋರಿಸುತ್ತಿದ್ದ ಕಾಲದಲ್ಲಿ ಅಮೆರಿಕದವರೂ ಚುನಾವಣೆಯನ್ನು ಹೀಗೆ ಹಿಡಿದು ನಕ್ಕಿದ್ದಾರೆ. 1952ರ ಅಧ್ಯಕ್ಷೀಯ ಚುನಾವಣೆಯ ಹೊತ್ತಿಗೆ ಬಂದ ತ್ರೀ ಸ್ಟೂಜಸ್ ತಂಡದ 'ತ್ರೀ ಡಾರ್ಕ್ ಹಾರ್ಸಸ್'ನಲ್ಲಿ, ಪಕ್ಷದ ಸಮಾವೇಶಕ್ಕೆ ಪ್ರಶ್ನೆ ಕೇಳದಷ್ಟು ದಡ್ಡರಾದ ಪ್ರತಿನಿಧಿಗಳು ಬೇಕೆಂದು ಒಬ್ಬ ರಾಜಕಾರಣಿಯ ಕಡೆಯವರು ಕಸ ಗುಡಿಸುವ ಮೂವರನ್ನು ಹಿಡಿದು ತರುತ್ತಾರೆ. ಕೊನೆಗೆ ಆ ದಡ್ಡರೇ ಅವರ ಮೋಸ ತಿಳಿದು ಎದುರಾಳಿಗೆ ವೋಟು ಹಾಕುತ್ತಾರೆ.

ಇಂಥ ಹಾಸ್ಯ ಇರಬೇಕೋ ಬೇಡವೋ ಎಂಬುದು ನನಗೆ ಹಗುರ ಪ್ರಶ್ನೆಯಲ್ಲ. ದೇವದುರ್ಗ ಕ್ಷೇತ್ರದವರು ಚುನಾವಣೆಯನ್ನು ಹತ್ತಿರದಿಂದ ಕಂಡವರು. 2008ರ ಮೇ ತಿಂಗಳಲ್ಲಿ ವಿಧಾನಸಭೆಗೆ ವೋಟು ಹಾಕಿದ ಇಲ್ಲಿನ ಜನ ಅದೇ ಡಿಸೆಂಬರ್‌ನಲ್ಲಿ ಉಪಚುನಾವಣೆಗೆ ಮತ್ತೆ ಸಾಲಿನಲ್ಲಿ ನಿಂತರು. 2016ರ ಫೆಬ್ರುವರಿಯಲ್ಲಿ ಇನ್ನೊಂದು ಉಪಚುನಾವಣೆ. ಅರಕೇರಾ ಈ ಕ್ಷೇತ್ರದ ರಾಜಕಾರಣದಲ್ಲಿ ದೊಡ್ಡ ಹೆಸರು, ಈಗ ತಾಲ್ಲೂಕು ಕೇಂದ್ರ ಕೂಡ. ಇಂಥ ಕಡೆ ರಾಜಕಾರಣಿಯನ್ನು ನೋಡಿ ನಗುವುದು ಜನರ ಹಕ್ಕು. ಆದರೆ ಆ ನಗೆ ಯಾರ ಮೇಲೆ ಬೀಳುತ್ತದೆ ಎಂಬುದನ್ನೂ ನೋಡಬೇಕು.

ಮೊದಲು ನಗೆಯ ಪರವಾಗಿ ಹೇಳುತ್ತೇನೆ. ವೋಟು ಹಾಕುವವನ ಕೈಯಲ್ಲಿ ಐದು ವರ್ಷಕ್ಕೆ ಒಂದು ದಿನ ಮಾತ್ರ ಅಧಿಕಾರ. ಉಳಿದ ದಿನ ಕಾಲುವೆಗೆ ನೀರು ಬಿಡಿಸಲು, ಪಿಂಚಣಿ ಮಂಜೂರಿಗೆ, ಆಸ್ಪತ್ರೆಯ ಚೀಟಿಗೆ ಅವನು ಅದೇ ನಾಯಕನ ಮನೆ ಬಾಗಿಲಲ್ಲಿ ನಿಲ್ಲಬೇಕು. ಅಲ್ಲಿ ತಲೆ ತಗ್ಗಿಸಿದವನು ಜಾತ್ರೆಯ ರಾತ್ರಿ ತಲೆ ಎತ್ತಿ ನಗುತ್ತಾನೆ. ಆ ನಗೆ ಅವನಿಗೆ ಬಲ ಕೊಡುತ್ತದೆ. ಕೈಗೂಡದ ಭರವಸೆಯನ್ನು ಗಂಭೀರವಾಗಿ ಕೊಡುವವನನ್ನು ಹುಚ್ಚ ಎಂದು ತೋರಿಸಿದರೆ, ಆ ಭರವಸೆ ಎಷ್ಟು ಪೊಳ್ಳು ಎಂಬುದು ಅಕ್ಷರ ಬಾರದ ಮುದುಕಿಗೂ ಒಂದೇ ಕ್ಷಣದಲ್ಲಿ ಹೊಳೆಯುತ್ತದೆ. ಪತ್ರಿಕೆಯ ಸಂಪಾದಕೀಯ ಇಷ್ಟು ಬೇಗ ಈ ಕೆಲಸ ಮಾಡಲಾರದು.

ಇನ್ನೊಂದು ಮಾತಿದೆ. ಆಳಲು ಹೊರಟವನ ವಿವೇಕವನ್ನು ಶಂಕಿಸುವುದು ಪ್ರಜೆಯ ಕರ್ತವ್ಯ. ಸಂವಿಧಾನದ 191ನೇ ವಿಧಿಯ ಪ್ರಕಾರ ಚಿತ್ತಸ್ವಾಸ್ಥ್ಯ ಇಲ್ಲದವನೆಂದು ಸಕ್ಷಮ ನ್ಯಾಯಾಲಯ ಘೋಷಿಸಿದ ವ್ಯಕ್ತಿ ಶಾಸಕನಾಗಲಾರ. ಸಂಸತ್ತಿಗೆ ಇದನ್ನೇ 102ನೇ ವಿಧಿ ಹೇಳುತ್ತದೆ. ನ್ಯಾಯಾಲಯದ ಘೋಷಣೆ ಇಲ್ಲದಿದ್ದರೆ ಚುನಾವಣಾಧಿಕಾರಿ ಈ ಕಾರಣಕ್ಕೆ ನಾಮಪತ್ರ ತಿರಸ್ಕರಿಸುವಂತಿಲ್ಲ. ಉಳಿದದ್ದೆಲ್ಲ, ಅಂದರೆ ಸಿಟ್ಟು, ಅಹಂಕಾರ, ಹಠ, ವಾಸ್ತವದ ಅರಿವಿಲ್ಲದ ಮಾತು ಇವನ್ನೆಲ್ಲ ತೂಗುವುದು ಮತದಾರನ ಪಾಲಿಗೆ ಬಿಟ್ಟ ಕೆಲಸ. ಅದಕ್ಕೆ ನಾಟಕ ನೆರವಾದರೆ ತಪ್ಪೇನು?

ಈ ಪಕ್ಷಕ್ಕೆ ಕನ್ನಡದಲ್ಲೇ ದೊಡ್ಡ ಸಾಕ್ಷಿ ಇದೆ. ಹುಚ್ಚು ದೊರೆ ಎಂದರೆ ನಮಗೆ ನೆನಪಾಗುವವನು ಮಹಮ್ಮದ್ ಬಿನ್ ತುಘಲಕ್. ರಾಯಚೂರು ಸೀಮೆಗೆ ಅವನು ದೂರದವನೂ ಅಲ್ಲ. 1327ರ ಹೊತ್ತಿಗೆ ಅವನ ಸೈನ್ಯ ತುಂಗಭದ್ರೆಯ ದಂಡೆಯ ಕಂಪಿಲಿಯನ್ನು ಮುತ್ತಿ ನಾಶ ಮಾಡಿತು. ಗಿರೀಶ ಕಾರ್ನಾಡರು 1964ರಲ್ಲಿ ಬರೆದ 'ತುಘಲಕ್' ಈ ದೊರೆಯ ತಲೆಯೊಳಗೆ ಇಳಿಯುತ್ತದೆ. ಅಲ್ಲಿನ ಸುಲ್ತಾನ ಬುದ್ಧಿವಂತ, ಆದರ್ಶವಾದಿ. ರಾಜಧಾನಿಯನ್ನು ದೌಲತಾಬಾದಿಗೆ ಸಾಗಿಸುವುದಕ್ಕೂ ತಾಮ್ರದ ನಾಣ್ಯಕ್ಕೆ ಬೆಳ್ಳಿಯ ಬೆಲೆ ಕಟ್ಟುವುದಕ್ಕೂ ಅವನ ಹತ್ತಿರ ಕಾರಣಗಳಿವೆ. ಜನರಿಗೆ ಮಾತ್ರ ಮೊದಲಿನಿಂದಲೂ ಅವನ ತಲೆಯ ಬಗ್ಗೆ ಅನುಮಾನ. ಕೊನೆಕೊನೆಗೆ ತನ್ನ ಹುಚ್ಚಿನ ಮಾತನ್ನು ಅವನೇ ಆಡುತ್ತಾನೆ. ಸಿ.ಆರ್. ಸಿಂಹ ಈ ಪಾತ್ರವನ್ನು ಕನ್ನಡ ರಂಗದಲ್ಲಿ ಮನೆಮಾತು ಮಾಡಿದರು.

ಆ ನಾಟಕದಲ್ಲಿ ನಗಿಸುವವನು ಸುಲ್ತಾನನಲ್ಲ, ಅಜೀಜ್. ಮೊದಲ ದೃಶ್ಯದಲ್ಲೇ ಒಬ್ಬ ಬ್ರಾಹ್ಮಣ ಸುಲ್ತಾನನ ಮೇಲೆ ದಾವೆ ಹೂಡಿ ಗೆಲ್ಲುತ್ತಾನೆ. ತನ್ನ ತಪ್ಪನ್ನು ಎಲ್ಲರೆದುರು ಒಪ್ಪಿಕೊಂಡ ಸುಲ್ತಾನ ಅವನಿಗೆ ಹಣವನ್ನೂ ಸರಕಾರಿ ನೌಕರಿಯನ್ನೂ ಕೊಡುತ್ತಾನೆ. ಆ ಬ್ರಾಹ್ಮಣ ವೇಷ ಹಾಕಿದ ಅಗಸ ಅಜೀಜ್ ಎಂಬುದು ಪ್ರೇಕ್ಷಕರಿಗೆ ಆಮೇಲೆ ತಿಳಿಯುತ್ತದೆ. ಸುಲ್ತಾನನ ಒಂದೊಂದು ಹೊಸ ಯೋಜನೆಯಲ್ಲೂ ಅಜೀಜ್ ತನ್ನ ಲಾಭ ಕಂಡುಕೊಳ್ಳುತ್ತಾನೆ: ನ್ಯಾಯದಲ್ಲಿ, ವಲಸೆಯ ದಾರಿಯಲ್ಲಿ, ಖೋಟಾ ನಾಣ್ಯದಲ್ಲಿ, ಕೊನೆಗೆ ಖಲೀಫನ ವಂಶದವನ ವೇಷದಲ್ಲಿ. ಅವನ ತಲೆ ಪೂರ್ತಿ ನೆಟ್ಟಗಿದೆ. ನಾಡು ಹಾಳಾಗಲು ಸುಲ್ತಾನನ ತಲೆ ಎಷ್ಟು ಕಾರಣವೋ ಅಜೀಜನ ನೆಟ್ಟಗಿನ ಲೆಕ್ಕಾಚಾರವೂ ಅಷ್ಟೇ ಕಾರಣ.

ಅದೇ ದೊರೆಯನ್ನು ತಮಿಳಿನಲ್ಲಿ ಚೋ ರಾಮಸ್ವಾಮಿ 1968ರಲ್ಲಿ ಪೂರ್ತಿ ಹಾಸ್ಯಕ್ಕೆ ತಂದರು. 1971ರಲ್ಲಿ ಅದು ಸಿನಿಮಾ ಕೂಡ ಆಯಿತು. ಹಳೆಯ ಗೋರಿಯಿಂದ ತುಘಲಕ್ ಮತ್ತು ಅವನ ಕಾಲದ ಪ್ರವಾಸಿ ಇಬ್ನ್ ಬತೂತ ಎದ್ದು ಬಂದು ಚುನಾವಣೆಗೆ ನಿಲ್ಲುತ್ತಾರೆ, ತುಘಲಕ್ ಪ್ರಧಾನಿಯಾಗುತ್ತಾನೆ. ಭಾಷೆಯ ಜಗಳಕ್ಕೆ ಪರಿಹಾರವಾಗಿ ಪಾರ್ಸಿಯನ್ನು ರಾಷ್ಟ್ರಭಾಷೆ ಮಾಡುತ್ತಾನೆ. ಪಕ್ಷ ಬಿಟ್ಟು ತನ್ನ ಕಡೆ ಬಂದವರಿಗೆಲ್ಲ ಉಪಪ್ರಧಾನಿ ಪಟ್ಟ ಹಂಚುತ್ತಾನೆ. ಕಥೆಯ ತಿರುವು ಇರುವುದು ಮುಂದೆ. ಗೋರಿಯಿಂದ ಎದ್ದವರು ನಿಜವಾಗಿ ಈ ಕಾಲದ ಇಬ್ಬರು ತರುಣರು, ರಾಜಕಾರಣಿಗಳ ಬಣ್ಣ ಬಯಲು ಮಾಡಲು ವೇಷ ಹಾಕಿದವರು. ಅಧಿಕಾರದ ರುಚಿ ಹತ್ತಿದ ಮೇಲೆ ತುಘಲಕನ ವೇಷದವನು ವೇಷ ಕಳಚಲು ಒಪ್ಪುವುದಿಲ್ಲ, ಜತೆಗಾರನನ್ನೇ ಜನರ ಕೈಗೆ ಬಲಿ ಕೊಡುತ್ತಾನೆ. ಹುಚ್ಚನೆಂದು ನಕ್ಕವರೆದುರು ನಿಂತಿರುವವನು ಹುಚ್ಚನೇ ಅಲ್ಲ. ಅವನಿಗೆ ಚಪ್ಪಾಳೆ ಹೊಡೆದವರ ವಿವೇಕ ಎಲ್ಲಿಗೆ ಹೋಗಿತ್ತು ಎಂಬ ಪ್ರಶ್ನೆ ಉಳಿಯುತ್ತದೆ. ಉಮೇದುವಾರನ ಹುಚ್ಚಿನ ಬಗ್ಗೆ ಇದಕ್ಕಿಂತ ಹರಿತವಾದ ಹಾಸ್ಯ ನಾನು ಕಂಡಿಲ್ಲ.

ಈಗ ಎದುರು ಪಕ್ಷ. ನಮ್ಮ ಜಾತ್ರೆಯ ಬಯಲಿನಲ್ಲಿ ಮೊದಲ ಸಾಲಿನ ಕುರ್ಚಿಗಳಲ್ಲಿ ಕೂತವರು ಯಾರು? ನಾಟಕ ಉದ್ಘಾಟಿಸಲು ಬಂದ ನಾಯಕರು, ಅವರ ಹಿಂಬಾಲಕರು. ಅವರ ದೇಣಿಗೆಯನ್ನು ಮೈಕಿನಲ್ಲಿ ಕೂಗಿ ಹೇಳಿದ ಮೇಲೆಯೇ ಪರದೆ ಏಳುತ್ತದೆ. ನಡುವೆ ಆಟ ನಿಲ್ಲಿಸಿ ಅವರಿಗೆ ಶಾಲು ಹೊದಿಸುತ್ತಾರೆ. ಎತ್ತಿನ ಗಂಟೆ ಬಾರಿಸುವ ಹುಚ್ಚ ಬಂದಾಗ ಎಲ್ಲರಿಗಿಂತ ಜೋರಾಗಿ ನಗುವವರೂ ಅವರೇ. ಯಾಕೆಂದರೆ ಆ ಹುಚ್ಚ ತಾವಲ್ಲ ಎಂಬುದು ಅವರಿಗೆ ಗೊತ್ತು. ಮುಗಿಯದ ರಸ್ತೆಗೆ ಬಿಲ್ ಎತ್ತಿದ್ದು, ಪಕ್ಷ ಬದಲಿಸಿದ್ದು, ಮಗನಿಗೆ ಟಿಕೆಟ್ ಕೊಡಿಸಿದ್ದು ಯಾವುದೂ ರಂಗದ ಮೇಲೆ ಬರುವುದಿಲ್ಲ. ಅವೆಲ್ಲ ಬುದ್ಧಿ ನೆಟ್ಟಗಿದ್ದವರು ಲೆಕ್ಕ ಹಾಕಿ ಮಾಡುವ ಕೆಲಸಗಳು. ಹುಚ್ಚನ ಹಾಸ್ಯ ಅವನ್ನು ಮುಟ್ಟದೆ ದಾಟಿ ಹೋಗುತ್ತದೆ. ಆಳುವವರಿಗೆ ಇಷ್ಟು ಸುರಕ್ಷಿತವಾದ ವಿಡಂಬನೆಯನ್ನು ವಿಡಂಬನೆ ಎನ್ನಲು ನನ್ನ ಮನಸ್ಸು ಒಪ್ಪುವುದಿಲ್ಲ.

ಇದನ್ನು ಮಾಸ್ಟರ್ ಹಿರಣ್ಣಯ್ಯನವರ ಜತೆ ಹೋಲಿಸಿ ನೋಡಬೇಕು. 2019ರಲ್ಲಿ ತೀರಿಕೊಂಡ ಅವರು 'ಲಂಚಾವತಾರ'ವನ್ನು ಹತ್ತು ಸಾವಿರಕ್ಕೂ ಹೆಚ್ಚು ಸಲ ಆಡಿದರು. ಆ ನಾಟಕ ಅಧಿಕಾರಸ್ಥರ ತಲೆ ಕೆಟ್ಟಿದೆ ಎನ್ನುವುದಿಲ್ಲ, ಕೈ ಕೆಟ್ಟಿದೆ ಎನ್ನುತ್ತದೆ. ಯಾರು, ಯಾವ ಮೇಜಿನ ಕೆಳಗೆ, ಎಷ್ಟು ತೆಗೆದುಕೊಂಡ ಎಂಬುದೇ ಅಲ್ಲಿನ ನಗೆ. ಅಂದಿನ ಸುದ್ದಿಯನ್ನು ಅಂದೇ ಮಾತಿನಲ್ಲಿ ಸೇರಿಸಿ, ಎದುರಿಗೆ ಕೂತ ಮಂತ್ರಿಗಳನ್ನೂ ಬಿಡದೆ ಅವರು ಚುಚ್ಚುತ್ತಿದ್ದರು.

ಎರಡನೆಯ ಆಕ್ಷೇಪ ಇನ್ನೂ ಭಾರವಾದದ್ದು. ಬಯಲಿನ ಹಿಂದಿನ ಸಾಲಿನಲ್ಲಿ, ಚಾಪೆ ಹಾಸಿಕೊಂಡು ಕೂತವರಲ್ಲಿ, ಮನೆಯಲ್ಲಿ ಮಾನಸಿಕ ಕಾಯಿಲೆಯ ಮಗನನ್ನೋ ತಂಗಿಯನ್ನೋ ಬಿಟ್ಟು ಬಂದ ಒಬ್ಬರಾದರೂ ಇರುತ್ತಾರೆ. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆ 2015-16ರಲ್ಲಿ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯ ಪ್ರಕಾರ ದೇಶದ ವಯಸ್ಕರಲ್ಲಿ ಶೇಕಡ 10.6 ಮಂದಿಗೆ ಯಾವುದಾದರೊಂದು ಮಾನಸಿಕ ತೊಂದರೆ ಇದೆ. ಕಾಯಿಲೆಗೆ ತಕ್ಕಂತೆ ಅವರಲ್ಲಿ ಶೇಕಡ 70ರಿಂದ 92ರಷ್ಟು ಜನಕ್ಕೆ ಚಿಕಿತ್ಸೆ ತಲುಪಿಲ್ಲ. ತಲುಪದಿರಲು ದೂರ, ದುಡ್ಡು ಕಾರಣ. ನಾಚಿಕೆಯೂ ಕಾರಣ. ನಾಟಕದಲ್ಲಿ ಒಂದು ಮಾತಿಗೆ ಊರೆಲ್ಲ ನಕ್ಕ ಮರುದಿನ ಮಗನನ್ನು ನಿಜವಾಗಿ ಧಾರವಾಡಕ್ಕೆ ಕರೆದೊಯ್ಯಬೇಕಾದ ತಾಯಿ ಬಸ್‌ಸ್ಟ್ಯಾಂಡಿನಲ್ಲಿ "ಎಲ್ಲಿಗಿ ಹೊಂಟೀಯವ್ವ?" ಎಂದು ಕೇಳಿದವರಿಗೆ ಏನು ಹೇಳಬೇಕು?

ಆ ನಾಚಿಕೆಯನ್ನು ಒಡೆಯುವ ಕೆಲಸ ನಮ್ಮ ನೆರೆಯಲ್ಲೇ ನಡೆದಿತ್ತು. 1985ರಿಂದ ಕೆಲವು ವರ್ಷ ನಿಮ್ಹಾನ್ಸ್ ಬಳ್ಳಾರಿ ಜಿಲ್ಲೆಯಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೂ ಸಿಬ್ಬಂದಿಗೂ ತರಬೇತಿ ಕೊಟ್ಟು ಹಳ್ಳಿ ಮಟ್ಟದಲ್ಲೇ ಮಾನಸಿಕ ಚಿಕಿತ್ಸೆ ಸಿಗುವಂತೆ ಮಾಡಿತು. ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಆ 'ಬಳ್ಳಾರಿ ಮಾದರಿ'ಯೇ ಅಡಿಪಾಯ. ಆ ಕೆಲಸದ ಮೇಲೆ ನಾಟಕದ ಒಂದು ಮಾತು ಮಣ್ಣು ಹಾಕಿತು ಎಂದು ನಾನು ಹೇಳುವುದಿಲ್ಲ, ಅದು ಅತಿಯಾಗುತ್ತದೆ. ಆದರೆ ಆ ಮಾತಿನಿಂದ ಆ ಕೆಲಸಕ್ಕೆ ಸಹಾಯವಂತೂ ಆಗಲಿಲ್ಲ.

ಮೂರನೆಯದನ್ನು ಯಾರೂ ಅಷ್ಟಾಗಿ ಗಮನಿಸುವುದಿಲ್ಲ. ಹುಚ್ಚ ಎಂಬ ಪಟ್ಟ ಯಾವ ಉಮೇದುವಾರನಿಗೆ ಸಿಗುತ್ತದೆ? ಪಕ್ಷದ ಟಿಕೆಟ್ ಇಲ್ಲದ, ಜೀಪು ಇಲ್ಲದ, ಸೈಕಲ್ ಮೇಲೆ ಪಾಂಪ್ಲೆಟ್ ಹಂಚುವ ಪಕ್ಷೇತರನಿಗೆ. ಕರ್ನಾಟಕದಲ್ಲಿ ಹೊಟ್ಟೆ ಪಕ್ಷ ರಂಗಸ್ವಾಮಿ 80ಕ್ಕೂ ಹೆಚ್ಚು ಸಲ ಚುನಾವಣೆಗೆ ನಿಂತು ಸೋತರು. ಜನ ನಕ್ಕರು. ಆದರೆ ಅವರ ಪಕ್ಷದ ಹೆಸರಿನಲ್ಲೇ ಹಸಿವಿನ ಪ್ರಶ್ನೆ ಇತ್ತು, ಆ ಪ್ರಶ್ನೆ ಹುಚ್ಚಿನದಲ್ಲ. 1996ರ ಲೋಕಸಭೆ ಚುನಾವಣೆಯಲ್ಲಿ ಬೆಳಗಾವಿ ಕ್ಷೇತ್ರದಿಂದ 456 ಮಂದಿ ಕಣದಲ್ಲಿದ್ದರು. ದೂರದಿಂದ ನೋಡಿದವರಿಗೆ ಅದು ಊರಿಗೇ ಹಿಡಿದ ಹುಚ್ಚು. ಹತ್ತಿರದಿಂದ ನೋಡಿದರೆ ಗಡಿ ವಿವಾದದತ್ತ ದಿಲ್ಲಿಯ ಕಣ್ಣು ಸೆಳೆಯಲು ಮರಾಠಿ ಸಂಘಟನೆಯವರು ಕೂಡಿ ಹೂಡಿದ ತಂತ್ರ. ಅವರ ಬೇಡಿಕೆಯನ್ನು ನಾನು ಒಪ್ಪುವುದಿಲ್ಲ. ಆದರೆ ಅದು ತಂತ್ರವಾಗಿತ್ತು, ತಲೆ ಕೆಟ್ಟದ್ದಲ್ಲ. ಅದೇ ವರ್ಷ ನಲ್ಗೊಂಡದಲ್ಲಿ ನೀರಿಗಾಗಿ 480 ಮಂದಿ ನಿಂತಿದ್ದರು.

ಇದಾದ ಮೇಲೆ ಏನಾಯಿತು? 1996ರಲ್ಲಿಯೇ ಕಾನೂನು ತಿದ್ದಿ ಲೋಕಸಭೆಯ ಠೇವಣಿಯನ್ನು 500 ರೂಪಾಯಿಯಿಂದ 10,000ಕ್ಕೆ, ವಿಧಾನಸಭೆಯದನ್ನು 250ರಿಂದ 5,000ಕ್ಕೆ ಏರಿಸಿದರು. ಈಗ ಅದು 25,000 ಮತ್ತು 10,000. ಪರಿಶಿಷ್ಟರಿಗೆ ಇದರಲ್ಲಿ ಅರ್ಧ. ಮತಪತ್ರ ಪುಸ್ತಕದಷ್ಟು ದಪ್ಪವಾದರೆ ಚುನಾವಣೆ ನಡೆಸುವುದು ಕಷ್ಟ ಎಂಬುದು ನಿಜ, ಆ ಕಾರಣಕ್ಕೆ ತೂಕವಿದೆ. ಆದರೆ "ಗಂಭೀರರಲ್ಲದ" ಉಮೇದುವಾರರನ್ನು ತಡೆಯುವುದು ಎಂದರೆ ನಡೆದದ್ದು ಇಷ್ಟೇ: ದುಡ್ಡಿದ್ದವನು ಗಂಭೀರ, ಇಲ್ಲದವನು ಹುಚ್ಚ ಎಂಬ ಭಾವನೆಗೆ ಕಾನೂನಿನ ಮುದ್ರೆ ಬಿತ್ತು.

ತಲೆಯ ಬಗ್ಗೆ ತಜ್ಞರೇ ಹೇಳಲಿ ಎನ್ನುವವರಿದ್ದಾರೆ. ಅದೂ ಆಗಿ ಹೋಗಿದೆ. 1964ರಲ್ಲಿ ಅಮೆರಿಕದ 'ಫ್ಯಾಕ್ಟ್' ಪತ್ರಿಕೆ ಅಧ್ಯಕ್ಷ ಪದವಿಯ ಉಮೇದುವಾರ ಬ್ಯಾರಿ ಗೋಲ್ಡ್‌ವಾಟರ್ ಮಾನಸಿಕವಾಗಿ ಯೋಗ್ಯರೇ ಎಂದು 12,356 ಮನೋವೈದ್ಯರಿಗೆ ಪತ್ರ ಬರೆಯಿತು. ಉತ್ತರಿಸಿದ 2,417 ಜನರಲ್ಲಿ 1,189 ಮಂದಿ ಯೋಗ್ಯರಲ್ಲ ಎಂದರು. ಅದು ಪರೀಕ್ಷೆ ಮಾಡದೆ ಕೊಟ್ಟ ತೀರ್ಪು. ಗೋಲ್ಡ್‌ವಾಟರ್ ಕೋರ್ಟಿಗೆ ಹೋಗಿ ಗೆದ್ದರು. ತಾವು ಪರೀಕ್ಷಿಸದ ವ್ಯಕ್ತಿಯ ಬಗ್ಗೆ ಸಾರ್ವಜನಿಕವಾಗಿ ಅಭಿಪ್ರಾಯ ಹೇಳಬಾರದೆಂದು ಅಲ್ಲಿನ ಮನೋವೈದ್ಯರ ಸಂಘ 1973ರಲ್ಲಿ ನಿಯಮ ಮಾಡಿತು. ಅಪಾಯ ಕಂಡೂ ವೈದ್ಯ ಬಾಯಿ ಮುಚ್ಚಿಕೊಂಡಿರಬೇಕೇ ಎಂದು ಅದನ್ನು ಪ್ರಶ್ನಿಸುವ ವೈದ್ಯರೂ ಇದ್ದಾರೆ, ಆ ಪ್ರಶ್ನೆಯನ್ನು ತಳ್ಳಿಹಾಕಲಾಗದು. 1972ರಲ್ಲಿ ಉಪಾಧ್ಯಕ್ಷ ಸ್ಥಾನದ ಉಮೇದುವಾರ ಥಾಮಸ್ ಈಗಲ್ಟನ್ ಖಿನ್ನತೆಗೆ ಚಿಕಿತ್ಸೆ ಪಡೆದಿದ್ದರೆಂದು ಗೊತ್ತಾದಾಗ, ಉಮೇದುವಾರಿಕೆ ಸಿಕ್ಕ ಹದಿನೆಂಟೇ ದಿನದಲ್ಲಿ ಅವರನ್ನು ಕಣದಿಂದ ಇಳಿಸಿದರು. ಅದೇ ವ್ಯಕ್ತಿ 1987ರವರೆಗೆ ಸೆನೆಟರ್ ಆಗಿ ಕೆಲಸ ಮಾಡಿದರು.

ನಮ್ಮ ಕಾನೂನು ಈ ವಿಷಯದಲ್ಲಿ ಮುಂದೆ ಇದೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 3ನೇ ಕಲಮಿನ ಪ್ರಕಾರ ಒಬ್ಬನ ರಾಜಕೀಯ ಸ್ಥಾನಮಾನವನ್ನೋ, ಸಮಾಜ ಒಪ್ಪಿದ ರಾಜಕೀಯ ಮೌಲ್ಯಗಳಿಗೆ ಅವನು ಹೊಂದಿಕೊಳ್ಳದಿರುವುದನ್ನೋ ಆಧಾರ ಮಾಡಿಕೊಂಡು ಮಾನಸಿಕ ಕಾಯಿಲೆ ಇದೆ ಎನ್ನುವಂತಿಲ್ಲ. ಕಾಯಿಲೆ ಇದೆ ಎಂದಾದರೂ, ನ್ಯಾಯಾಲಯ ಘೋಷಿಸದೆ ಅವನಿಗೆ ಚಿತ್ತಸ್ವಾಸ್ಥ್ಯವಿಲ್ಲ ಎಂದು ಅರ್ಥವಲ್ಲ. ಉಮೇದುವಾರನ ವೈಯಕ್ತಿಕ ಚಾರಿತ್ರ್ಯದ ಬಗ್ಗೆ ಸುಳ್ಳೆಂದು ಗೊತ್ತಿದ್ದೂ ಚುನಾವಣೆಯಲ್ಲಿ ಪ್ರಚಾರ ಮಾಡುವುದು 1951ರ ಪ್ರಜಾಪ್ರತಿನಿಧಿ ಕಾಯ್ದೆಯ 123(4)ನೇ ಕಲಮಿನಲ್ಲಿ ಭ್ರಷ್ಟ ಆಚರಣೆ. ಆದರೂ ಈ ಕಲಮುಗಳನ್ನು ಹಿಡಿದುಕೊಂಡು ಯಾರಾದರೂ ಜಾತ್ರೆಯ ನಾಟಕ ನಿಲ್ಲಿಸಲು ಬಂದರೆ ನಾನು ನಾಟಕದ ಕಡೆ ನಿಲ್ಲುತ್ತೇನೆ. ನಗೆಗೆ ಪರವಾನಿಗೆ ಕೊಡುವ ಅಧಿಕಾರ ಕಚೇರಿಯ ಕೈಗೆ ಹೋದರೆ ಮೊದಲು ನಿಲ್ಲುವುದು ಹಿರಣ್ಣಯ್ಯನವರಂಥ ನಾಟಕ. ಎತ್ತಿನ ಗಂಟೆಯ ಹುಚ್ಚ ಮಾತ್ರ ಉಳಿದುಕೊಳ್ಳುತ್ತಾನೆ.

ಎರಡೂ ಕಡೆ ತೂಗಿದ ಮೇಲೆ ನನ್ನ ತೀರ್ಮಾನ ಇಷ್ಟು. ಉಮೇದುವಾರನ ವಿವೇಕವನ್ನು ಶಂಕಿಸುವ ಹಾಸ್ಯ ಬೇಕು. ಅವನು ಆಡಿದ ಮಾತು, ಮಾಡಿದ ಕೆಲಸ, ಅವನನ್ನು ಹೊತ್ತು ಮೆರೆಸಿದ ನಮ್ಮ ನಡತೆ ಇವು ಅದರ ವಸ್ತುವಾಗಲಿ. ಚೋ ಅವರ ತುಘಲಕ್ ನಗಿಸುವುದು ಆ ದಾರಿಯಲ್ಲಿ. ಕಾಯಿಲೆಯನ್ನು, ಆಸ್ಪತ್ರೆಯನ್ನು, ಬಡ ಪಕ್ಷೇತರನ ಹರಿದ ಅಂಗಿಯನ್ನು ತೋರಿಸಿ ಎಬ್ಬಿಸುವ ನಗೆ ನಮಗೆ ಬೇಡ. ಮಾವನ ಬಾಯಿಂದ ಧಾರವಾಡದ ಮಾತು ತೆಗೆದರೂ ಆ ತುಣುಕು ಸಾಯುವುದಿಲ್ಲ. ಹೆಂಡತಿಯ ಬೆಂಗಳೂರಿನ ಮಾತಿಗೆ ಇನ್ನೊಂದು ಎತ್ತುಗಡೆ ಹುಡುಕಿದರೆ ಸಾಕು. ಆ ತುಣುಕಿನ ಜೀವ ಇರುವುದು ಅವಳ ಮಾತಿನಲ್ಲಿ.

ನಾಟಕ ಬರೆಯುವ, ತಾಲೀಮು ಮಾಡಿಸುವ ನಮ್ಮ ಮಾಸ್ತರರಿಗೆ ಒಂದು ವಿನಂತಿ. ಸುಪ್ರೀಂ ಕೋರ್ಟಿನ 2002 ಮತ್ತು 2003ರ ತೀರ್ಪುಗಳ ನಂತರ ಪ್ರತಿ ಉಮೇದುವಾರ ತನ್ನ ಮೇಲಿನ ಕ್ರಿಮಿನಲ್ ಪ್ರಕರಣ, ಆಸ್ತಿ, ಸಾಲ, ವಿದ್ಯಾಭ್ಯಾಸವನ್ನು ಪ್ರಮಾಣಪತ್ರದಲ್ಲಿ ಬರೆದುಕೊಡಲೇಬೇಕು. ಚುನಾವಣಾಧಿಕಾರಿಯ ಕಚೇರಿಯ ನೋಟಿಸ್ ಬೋರ್ಡಿಗೆ ಅದನ್ನು ಅಂಟಿಸುತ್ತಾರೆ, ಆಯೋಗದ ಜಾಲತಾಣದಲ್ಲೂ ಹಾಕುತ್ತಾರೆ. ಐದು ವರ್ಷದ ಹಿಂದಿನ ಪ್ರಮಾಣಪತ್ರವನ್ನೂ ಈ ಸಲದ್ದನ್ನೂ ಪಕ್ಕಪಕ್ಕ ಇಟ್ಟು ಓದಿ. ಮುಂದಿನ ಜಾತ್ರೆಗೆ ನಿಮ್ಮ ಹಾಸ್ಯಗಾರ ತಂಬಿಗೆ ಕೆಳಗಿಟ್ಟು ಆ ಎರಡು ಕಾಗದ ಹಿಡಿದು ರಂಗಕ್ಕೆ ಬರಲಿ.